ಗದ್ದೆ-ತೋಟದ ನೆಲದುಂಬಿಗಳು



ಮಳೆಗಾಲ ಹಿಡಿದ ಹೊಸದರಲ್ಲಿ ಅಡಿಕೆ ತೋಟಕ್ಕೆ ಹೋಗಿ, ಬಿದ್ದು ಅರೆಗೊಳೆತ ಹಾಳೆಯೊಂದನ್ನು ಮಗುಚಿ ನೋಡಬೇಕು. ಎರೆಹುಳು ಮಣ್ಣಿನೊಳಗೆ ಸರಿಯುತ್ತದೆ. ಚೋರಟೆ ಸುರುಳಿ ಸುತ್ತಿಕೊಳ್ಳುತ್ತದೆ. ಅವುಗಳ ನಡುವಿನಿಂದ ಕಡುಗಪ್ಪು ಮೈಯ, ಉದ್ದ ಕಾಲಿನ ಹುಳವೊಂದು ಥಟ್ಟನೆ ಹೊರಟು ಪಕ್ಕದ ದರಗಿನಡಿ ಮಾಯವಾಗುತ್ತದೆ. ಅದು ಹಾರಲು ಯತ್ನಿಸುವುದಿಲ್ಲ, ಓಡುತ್ತದೆ. ಸಾಗರ, ಹೊಸನಗರ, ತೀರ್ಥಹಳ್ಳಿ ತಾಲ್ಲೂಕುಗಳ ಯಾವ ತೋಟದಲ್ಲಾದರೂ ಕಾಣಬಹುದಾದ ನೋಟ ಇದು. ಆ ಹುಳದ ಹೆಸರೇನೆಂದು ಕೇಳಿದರೆ ಮಾತ್ರ ‘ಅದೆಂಥದೋ ಕರಿಹುಳ’ ಎಂಬುದಕ್ಕಿಂತ ಹೆಚ್ಚಿನ ಉತ್ತರ ಸಿಗುವುದು ಕಷ್ಟ.

ಬೆಳೆ ತಿನ್ನುವ ಹುಳಗಳಿಗೆಲ್ಲ ಮಲೆನಾಡಿನಲ್ಲಿ ಹೆಸರಿದೆ. ಬೇರುಹುಳು, ಕಾಂಡಕೊರಕ, ಕೊಳವೆಹುಳು, ಕಣೆಹುಳು, ಸೈನಿಕಹುಳು, ತೆಂಗಿನ ಕುರುವಾಯಿ, ಹೀಗೆ ಪಟ್ಟಿ ಬೆಳೆಯುತ್ತದೆ. ಆ ಹುಳಗಳನ್ನು ತಿಂದು ಬದುಕುವವುಗಳ ಪೈಕಿ ಹೆಸರು ಗಳಿಸಿಕೊಂಡದ್ದು ಗುಲಗಂಜಿ ಹುಳುವಿನಂಥ ಒಂದೆರಡು ಮಾತ್ರ, ಅದೂ ಬಣ್ಣದ ದೆಸೆಯಿಂದ. ಹಾಳೆಯಡಿಯ ಕರಿಹುಳವನ್ನು ನೆಲದುಂಬಿ ಎಂದು ಕರೆಯಬಹುದು. ಕಾವ್ಯದಲ್ಲಿ ದುಂಬಿ ಎಂದರೆ ಹೂವಿನ ಮೇಲೆ ಝೇಂಕರಿಸುವ ಜೀವಿ. ಕೃಷಿಯ ಕನ್ನಡದಲ್ಲಿ ದುಂಬಿ ಎಂದರೆ ಮೇಲ್ರೆಕ್ಕೆಗಳು ಗಟ್ಟಿ ಚಿಪ್ಪಾಗಿ ಮಾರ್ಪಟ್ಟ ಕೀಟ. ನೆಲದುಂಬಿ ಈ ಎರಡನೆಯ ಬಗೆಯದು. ಜೇನಿನ ಗೊಡವೆ ಅದಕ್ಕಿಲ್ಲ, ಅದು ಬೇಟೆಗಾರ.

ಕೀಟಶಾಸ್ತ್ರದಲ್ಲಿ ಇವುಗಳ ಕುಟುಂಬದ ಹೆಸರು ಕ್ಯಾರಾಬಿಡೇ. ಜಗತ್ತಿನಾದ್ಯಂತ ಸುಮಾರು 40,000 ಪ್ರಭೇದಗಳನ್ನು ವಿಜ್ಞಾನಿಗಳು ಗುರುತಿಸಿದ್ದಾರೆ. ಭಾರತದ ನೆಲದುಂಬಿಗಳ ಬಗ್ಗೆ ಎಚ್. ಇ. ಆಂಡ್ರ್ಯೂಸ್ ಎಂಬ ಆಂಗ್ಲ ಕೀಟತಜ್ಞರು ಬ್ರಿಟಿಷ್ ಭಾರತದ ಪ್ರಾಣಿಸಂಕುಲ ಮಾಲೆಯಲ್ಲಿ 1929 ಮತ್ತು 1935ರಲ್ಲಿ ಎರಡು ಸಂಪುಟಗಳನ್ನು ಹೊರತಂದರು. ಅವು ಇಂದಿಗೂ ಈ ವಿಷಯದ ಮೂಲ ಗ್ರಂಥಗಳು. ಆದರೆ ಸತ್ತ ಹುಳವನ್ನು ಸೂಜಿಗೆ ಚುಚ್ಚಿ ಹೆಸರಿಡುವುದು ಒಂದು ಕೆಲಸ, ಅದು ಗದ್ದೆಯಲ್ಲಿ ರಾತ್ರಿಯೆಲ್ಲ ಏನು ಮಾಡುತ್ತದೆ ಎಂದು ತಿಳಿಯುವುದು ಬೇರೆಯೇ ಕೆಲಸ. ಯುರೋಪಿನಲ್ಲಿ ಎರಡನೆಯದೂ ನಡೆದಿದೆ. ಇಲ್ಲಿ ಅದು ಬಹುಮಟ್ಟಿಗೆ ಬಾಕಿ ಉಳಿದಿದೆ.

ನೆಲದುಂಬಿಯ ಮೈಕಟ್ಟೇ ಅದರ ವೃತ್ತಿಯನ್ನು ಹೇಳುತ್ತದೆ. ಚಪ್ಪಟೆಯಾದ ದೇಹ ಕಲ್ಲಿನ ಸಂದಿಗೂ ಎಲೆಗಳ ಪದರಕ್ಕೂ ಹೊಂದುತ್ತದೆ. ಕಾಲುಗಳು ತೆಳುವಾಗಿ, ಉದ್ದವಾಗಿ, ಓಟಕ್ಕೆ ಹೇಳಿಮಾಡಿಸಿದಂತಿವೆ. ಮೀಸೆಗಳು ದಾರದಂತೆ ಸಪೂರ. ದವಡೆಗಳು ಅಡಕತ್ತರಿಯಂತೆ ಮುಂದಕ್ಕೆ ಚಾಚಿರುತ್ತವೆ. ಅನೇಕ ಪ್ರಭೇದಗಳು ಬೇಟೆಯ ಮೇಲೆ ಜೀರ್ಣರಸವನ್ನು ಕಕ್ಕಿ, ಮಾಂಸ ಕರಗಿದ ಮೇಲೆ ಹೀರಿಕೊಳ್ಳುತ್ತವೆ. ಅಂದರೆ ಅವುಗಳ ಅಡುಗೆಮನೆ ಹೊಟ್ಟೆಯ ಹೊರಗೇ ಇದೆ. ದಿನವೊಂದಕ್ಕೆ ತಮ್ಮ ಮೈತೂಕದಷ್ಟು ಆಹಾರ ತಿನ್ನಬಲ್ಲ ಪ್ರಭೇದಗಳಿವೆ. ಕಂಬಳಿಹುಳು, ನೊಣದ ಮರಿ, ಸಸ್ಯಹೇನು, ಇತರ ಕೀಟಗಳ ಮೊಟ್ಟೆ, ಕೆಲವಕ್ಕೆ ಬಸವನಹುಳು ಆಹಾರ. ಕಳೆಗಿಡಗಳ ಬೀಜವನ್ನೇ ಮುಖ್ಯವಾಗಿ ತಿನ್ನುವ ಗುಂಪುಗಳೂ ಉಂಟು.

ತಾಯಿದುಂಬಿ ಮೊಟ್ಟೆಯಿಡುವುದು ತೇವದ ಮಣ್ಣಿನಲ್ಲಿ, ಬಹುತೇಕ ಒಂದೊಂದಾಗಿ. ಹೊರಬರುವ ಮರಿಯೂ ಬೇಟೆಗಾರನೇ. ಅದು ಸಾಮಾನ್ಯವಾಗಿ ಮೂರು ಹಂತಗಳಲ್ಲಿ ಬೆಳೆದು, ಮಣ್ಣಿನೊಳಗೆ ಪುಟ್ಟ ಗೂಡು ಮಾಡಿಕೊಂಡು ಕೋಶಾವಸ್ಥೆಗೆ ಹೋಗುತ್ತದೆ. ತಂಪು ದೇಶಗಳ ಹೆಚ್ಚಿನ ಪ್ರಭೇದಗಳಿಗೆ ವರ್ಷಕ್ಕೆ ಒಂದೇ ತಲೆಮಾರು. ಭತ್ತದ ಕಂದು ಜಿಗಿಹುಳು ಸುಮಾರು ಒಂದು ತಿಂಗಳಲ್ಲಿ ಒಂದು ತಲೆಮಾರು ಮುಗಿಸುತ್ತದೆ ಎಂಬುದನ್ನು ಇದರ ಪಕ್ಕದಲ್ಲಿಟ್ಟು ನೋಡಬೇಕು. ವಿಷ ಬಿದ್ದ ನೆಲದಲ್ಲಿ ಯಾರು ಮೊದಲು ಚೇತರಿಸಿಕೊಳ್ಳುತ್ತಾರೆ ಎಂಬ ಪ್ರಶ್ನೆಗೆ ಉತ್ತರ ಇಲ್ಲೇ ಇದೆ. ಅದಕ್ಕೆ ಮುಂದೆ ಬರೋಣ.

ವಿದ್ಯಾರ್ಥಿಗಳಿಗೆ ರುಚಿಸುವ ಒಂದು ಸಂಗತಿಯನ್ನು ಮೊದಲು ಹೇಳಿಬಿಡಬೇಕು. ಕೇಂಬ್ರಿಜ್‌ನಲ್ಲಿ ಓದುತ್ತಿದ್ದಾಗ ಚಾರ್ಲ್ಸ್ ಡಾರ್ವಿನ್ನನಿಗೆ ದುಂಬಿ ಹಿಡಿಯುವ ಹುಚ್ಚು. ಒಮ್ಮೆ ಮರದ ತೊಗಟೆ ಕೀಳುವಾಗ ಎರಡು ಅಪರೂಪದ ದುಂಬಿಗಳು ಕಂಡವು, ಎರಡು ಕೈಯಲ್ಲೂ ಒಂದೊಂದನ್ನು ಹಿಡಿದ. ಅಷ್ಟರಲ್ಲಿ ಮೂರನೆಯದು ಕಾಣಿಸಿತು. ಬಲಗೈಯಲ್ಲಿದ್ದುದನ್ನು ಬಾಯಿಗೆ ಹಾಕಿಕೊಂಡ. ಅದು ನಾಲಗೆ ಸುಡುವಂಥ ದ್ರವ ಕಾರಿತು, ಉಗುಳಬೇಕಾಯಿತು. ಬಾಯಿಯದೂ ಹೋಯಿತು, ಮೂರನೆಯದೂ ತಪ್ಪಿಸಿಕೊಂಡಿತು. ಈ ಕಥೆಯನ್ನು ಆತನೇ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾನೆ. ನೆಲದುಂಬಿಗಳ ಹಿಂಭಾಗದಲ್ಲಿ ಇಂಥ ರಾಸಾಯನಿಕ ಗ್ರಂಥಿಗಳಿರುತ್ತವೆ. ಬಯಲುಸೀಮೆಯ ಕುರುಚಲು ನೆಲದಲ್ಲಿ ಓಡಾಡುವ, ಕಪ್ಪು ಬೆನ್ನ ಮೇಲೆ ಆರು ಬಿಳಿ ಬೊಟ್ಟುಗಳಿರುವ ದೊಡ್ಡ ನೆಲದುಂಬಿ ಆಂಥಿಯಾ ಸೆಕ್ಸ್‌ಗುಟ್ಟಾಟಾ ಕೆಣಕಿದವರ ಮೇಲೆ ಆಮ್ಲ ಚಿಮ್ಮುತ್ತದೆ. ಒದ್ದೆ ನೆಲದ ಕಲ್ಲುಗಳಡಿ ಸಿಗುವ, ಕಪ್ಪು-ಹಳದಿ ಬಣ್ಣದ ಫೆರೋಪ್ಸೋಫಸ್ ಇನ್ನೂ ಒಂದು ಹೆಜ್ಜೆ ಮುಂದೆ. ಅದರ ಹೊಟ್ಟೆಯ ತುದಿಯ ಕೋಣೆಯಲ್ಲಿ ಹೈಡ್ರೋಕ್ವಿನೋನ್ ಮತ್ತು ಹೈಡ್ರೋಜನ್ ಪೆರಾಕ್ಸೈಡ್‌ಗಳು ಕಿಣ್ವಗಳೊಡನೆ ಬೆರೆತು, ಕುದಿಯುವ ನೀರಿನಷ್ಟು, ಅಂದರೆ ಸುಮಾರು 100 ಡಿಗ್ರಿ ಬಿಸಿಯಾದ ಆವಿ ‘ಪಟ್’ ಎಂದು ಸಿಡಿಯುತ್ತದೆ. ಹಿಡಿದ ಬೆರಳಿಗೆ ಕಂದುಕಲೆ ಬೀಳುತ್ತದೆ. ಕಣ್ಣಿನ ಹತ್ತಿರ ಒಯ್ಯದಿದ್ದರೆ ಭಯಪಡಬೇಕಾದ್ದೇನಿಲ್ಲ.

ಇನ್ನು ಗದ್ದೆಯ ಮಾತು. ಮಲೆನಾಡಿನ ಭತ್ತದ ಗದ್ದೆ ಮಳೆಗಾಲವೆಲ್ಲ ನೀರು ನಿಂತ ನೆಲ. ತೀರ್ಥಹಳ್ಳಿ ತಾಲ್ಲೂಕಿನ ಆಗುಂಬೆಯಲ್ಲಂತೂ ವರ್ಷದ ಸರಾಸರಿ ಮಳೆ 7,000 ಮಿಲಿಮೀಟರ್ ದಾಟುತ್ತದೆ. ನೆಲದ ಮೇಲೆ ಓಡಾಡುವ ಹುಳಕ್ಕೆ ಅಲ್ಲಿ ನೆಲವೆಲ್ಲಿದೆ? ಅಂಚಿನಲ್ಲಿದೆ. ಗದ್ದೆಯ ಅಂಚೇ ಅದರ ಮನೆ, ಪೈರು ಅದರ ಬೇಟೆಯ ಕಾಡು. ಓಫಿಯೋನಿಯಾ ಎಂಬ ಸಪೂರ ನೆಲದುಂಬಿ ಏಷ್ಯಾದ ಭತ್ತದ ಗದ್ದೆಗಳಲ್ಲಿ ವ್ಯಾಪಕವಾಗಿದೆ. ಇರುವೆಯಂತೆ ಉದ್ದ ಕತ್ತು, ಕೆಂಪು-ಕಂದು ಮೈ, ಅದರ ಮೇಲೆ ನೀಲಿಗಪ್ಪು ಪಟ್ಟೆ. ಎಲೆ ಸುರುಳಿ ಹುಳು ಭತ್ತದ ಗರಿಯನ್ನು ರೇಷ್ಮೆನೂಲಿನಿಂದ ಹೊಲಿದು ಕೊಳವೆ ಮಾಡಿ, ಒಳಗೆ ಕುಳಿತು ಹಸಿರನ್ನು ಕೆರೆದು ತಿನ್ನುತ್ತದೆಯಷ್ಟೆ. ಸಿಂಪಡಿಸಿದ ಔಷಧಿ ಆ ಮಡಿಕೆಯೊಳಗೆ ಸುಲಭವಾಗಿ ಇಳಿಯದು. ಓಫಿಯೋನಿಯಾ ಮಾತ್ರ ಪೈರು ಹತ್ತಿ, ಕೊಳವೆಯ ಬಾಯಿಂದ ಒಳನುಗ್ಗಿ ಹುಳುವನ್ನು ಅದರ ಮನೆಯಲ್ಲೇ ತಿನ್ನುತ್ತದೆ. ದಿನಕ್ಕೆ ಮೂರರಿಂದ ಐದು ಮರಿಗಳನ್ನು ಒಂದು ದುಂಬಿ ಮುಗಿಸುತ್ತದೆಂದು ಫಿಲಿಪ್ಪೀನ್ಸ್‌ನ ಅಂತರರಾಷ್ಟ್ರೀಯ ಭತ್ತ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು 1980ರ ದಶಕದಲ್ಲೇ ದಾಖಲಿಸಿದ್ದಾರೆ. ಜಿಗಿಹುಳುಗಳೂ ಅದರ ಆಹಾರವೇ. ಇಷ್ಟೆಲ್ಲ ಮಾಡುವ ಹುಳು ಕೋಶಾವಸ್ಥೆಗೆ ಹೋಗುವುದು ಅಂಚಿನ ಒಣಮಣ್ಣಿಗೆ.

ಈಗ ಆ ಅಂಚಿನ ಮೇಲೆ ಏನು ನಡೆಯುತ್ತಿದೆ ಎಂದು ನೋಡಬೇಕು. ಕೂಲಿಯಾಳು ಸಿಗುವುದಿಲ್ಲ, ಸಿಕ್ಕರೂ ಕೂಲಿ ಹೊರಲಾಗದು. ಕತ್ತಿ ಹಿಡಿದು ಹುಲ್ಲು ಕೊಯ್ಯುವ ಬದಲು ಕಳೆನಾಶಕ ಹೊಡೆಯುವುದು ಸುಲಭವಾಗಿದೆ. ಮನೆಯಲ್ಲಿ ದನ ಕಡಿಮೆಯಾದ ಮೇಲೆ ಅಂಚಿನ ಹುಲ್ಲಿಗೆ ಬೆಲೆಯೂ ಇಲ್ಲ. ರೈತನನ್ನು ಇದಕ್ಕಾಗಿ ದೂರುವುದು ಸುಲಭ, ನ್ಯಾಯವಲ್ಲ. ಆದರೆ ಪರಿಣಾಮ ಪರಿಣಾಮವೇ. ಕಳೆನಾಶಕ ದುಂಬಿಯನ್ನು ನೇರವಾಗಿ ಕೊಲ್ಲದೇ ಹೋದರೂ ಅದರ ಮಾಡನ್ನು ಕಿತ್ತೊಗೆಯುತ್ತದೆ. ಹುಲ್ಲು ಸುಟ್ಟ ಅಂಚು ಬಿಸಿಲಿಗೆ ಕಾಯುತ್ತದೆ, ಮಳೆಗೆ ಕುಸಿಯುತ್ತದೆ. ಹಗಲು ಅಡಗಲು ನೆರಳಿಲ್ಲದೆಡೆ ರಾತ್ರಿಯ ಬೇಟೆಗಾರ ಉಳಿಯಲಾರ.

ಕೀಟನಾಶಕದ ಕಥೆ ಇದಕ್ಕಿಂತ ನೇರ. ಕಂದು ಜಿಗಿಹುಳು ತನ್ನ ಮೊಟ್ಟೆಗಳನ್ನು ಭತ್ತದ ಎಲೆಕವಚದ ಒಳಗೆ ಇಡುತ್ತದೆ. ಸಿಂಪರಣೆಗೆ ಹೊರಗಿದ್ದ ಜಿಗಿಹುಳುಗಳು ಸಾಯುತ್ತವೆ. ಜೇಡ, ನೆಲದುಂಬಿ, ಇತರ ಪರಭಕ್ಷಕಗಳೂ ಸಾಯುತ್ತವೆ. ಮೊಟ್ಟೆ ಮಾತ್ರ ಉಳಿಯುತ್ತದೆ. ಕೆಲವೇ ದಿನಗಳಲ್ಲಿ ಹೊರಬರುವ ಮರಿಗಳಿಗೆ ಶತ್ರುವೇ ಇಲ್ಲದ ಗದ್ದೆ ಸಿದ್ಧವಾಗಿರುತ್ತದೆ. ಇಂಡೋನೇಷ್ಯಾ ಈ ಪಾಠವನ್ನು ದುಬಾರಿ ಬೆಲೆ ತೆತ್ತು ಕಲಿಯಿತು. ಸರ್ಕಾರವೇ ಸಹಾಯಧನ ಕೊಟ್ಟು ಹಂಚಿದ ಕೀಟನಾಶಕ ಹೆಚ್ಚಿದಷ್ಟೂ ಜಿಗಿಹುಳು ಹೆಚ್ಚಿತು. ಕೊನೆಗೆ 1986ರಲ್ಲಿ ಅಲ್ಲಿನ ಅಧ್ಯಕ್ಷರು ಭತ್ತಕ್ಕೆ ಬಳಸುತ್ತಿದ್ದ 57 ಕೀಟನಾಶಕಗಳನ್ನು ಒಂದೇ ಆದೇಶದಲ್ಲಿ ನಿಷೇಧಿಸಿದರು.

ಅಡಿಕೆ ತೋಟಕ್ಕೆ ಬಂದರೆ ವಿಷಯ ಇನ್ನಷ್ಟು ಜಟಿಲ. ಇಲ್ಲಿ ಒಂದು ದುಂಬಿ ನಿಜವಾಗಿಯೂ ಶತ್ರು. ಬೇರುಹುಳುವಿನ ತಾಯಿ, ವೈಜ್ಞಾನಿಕವಾಗಿ ಲ್ಯೂಕೊಫೊಲಿಸ್ ಲೆಪಿಡೊಫೊರಾ, ಮಲೆನಾಡಿನ ತೋಟಗಳಿಗೆ ಅಂಟಿದ ಹಳೆಯ ಪೀಡೆ. ಮುಂಗಾರಿನ ಮಳೆ ನೆಲ ನೆನೆಸಿದ ಮೇಲೆ ಈ ದುಂಬಿಗಳು ಸಂಜೆಗತ್ತಲಲ್ಲಿ ಅಲ್ಪ ಹೊತ್ತು ಮಣ್ಣಿನಿಂದ ಹೊರಬಂದು, ಕೂಡಿ, ಮರಳಿ ಮಣ್ಣು ಸೇರಿ ಮೊಟ್ಟೆಯಿಡುತ್ತವೆ. ಮರಿ ಮೊದಮೊದಲು ಮಣ್ಣಿನ ಕೊಳೆತ ಸಾವಯವ ಪದಾರ್ಥ ತಿಂದು, ಬಲಿತ ಮೇಲೆ ಅಡಿಕೆಯ ಬೇರಿಗೆ ಬಾಯಿ ಹಾಕುತ್ತದೆ. ಮೊಟ್ಟೆಯಿಂದ ದುಂಬಿಯಾಗಲು ಎರಡು ವರ್ಷ. ಅಷ್ಟರಲ್ಲಿ ಹೆಡೆ ಹಳದಿಯಾಗಿ, ತುದಿ ಸಪೂರವಾಗಿ, ಎಳೆಯ ಮರವಾದರೆ ಕೈಯಿಂದ ಅಲುಗಾಡಿಸಿದರೂ ಅಲುಗುವಂತಾಗುತ್ತದೆ. ಹತ್ತು ವರ್ಷ ಸಾಕಿದ ಮರ ಹಾಗೆ ಅಲುಗಿದಾಗ ಯಾವ ಕೃಷಿಕನಾದರೂ ಕೈಗೆ ಸಿಕ್ಕ ವಿಷವನ್ನು ಸುರಿದಾನು.

ಆ ವಿಷ ಬಹುಕಾಲ ಫೋರೇಟ್ ಹರಳಾಗಿತ್ತು. ವಿಶ್ವ ಆರೋಗ್ಯ ಸಂಸ್ಥೆ ಅತ್ಯಂತ ಅಪಾಯಕಾರಿ ಗುಂಪಿಗೆ ಸೇರಿಸಿದ ರಾಸಾಯನಿಕ ಅದು. ಕೇಂದ್ರ ಸರ್ಕಾರ 2018ರ ಆಗಸ್ಟ್‌ನಲ್ಲಿ ಹೊರಡಿಸಿದ ಆದೇಶದಂತೆ 2020ರ ಡಿಸೆಂಬರ್ 31ರಿಂದ ದೇಶದಲ್ಲಿ ಅದು ನಿಷಿದ್ಧ. ಬುಡದ ಮಣ್ಣಿಗೆ ಬೆರೆಸಿದ ಹರಳು ಬೇರುಹುಳುವನ್ನು ಮಾತ್ರ ಆರಿಸಿ ಕೊಲ್ಲುವಷ್ಟು ಜಾಣವಾಗಿರಲಿಲ್ಲ. ಅದೇ ಮಣ್ಣಿನಲ್ಲಿ ಮೊಟ್ಟೆ, ಮರಿ, ಕೋಶ ಮೂರನ್ನೂ ಕಳೆಯುವ ನೆಲದುಂಬಿಗೂ, ಅದೇ ಬುಡದ ಎರೆಹುಳುವಿಗೂ ಅದು ವಿಷವೇ. ಫೋರೇಟ್ ಹೋದ ಜಾಗಕ್ಕೆ ಬೇರೆ ಹೆಸರಿನ ಡಬ್ಬಿಗಳು ಬಂದರೆ ಮಣ್ಣಿನ ಮಟ್ಟಿಗೆ ಬದಲಾದದ್ದು ಕಡಿಮೆ.

ವಿಷಕ್ಕಿಂತ ಮೊದಲೇ ಆಗುವ ಒಂದು ಅನಾಹುತವಿದೆ, ಗುರುತು ತಪ್ಪುವುದು. ಬುಡ ಬಿಡಿಸುವಾಗ ಕಂಡ ಹುಳವನ್ನೆಲ್ಲ ಬೇರುಹುಳುವೆಂದು ಜಜ್ಜಿಹಾಕುವ ರೂಢಿಯಿದೆ. ಬೇರುಹುಳುವಿನ ಮರಿ ದಪ್ಪಗೆ, ಬೆಳ್ಳಗೆ, ಕೊಕ್ಕೆಯಂತೆ ಬಾಗಿ ಮಲಗಿರುತ್ತದೆ, ಮೇಲೆತ್ತಿಟ್ಟರೆ ಓಡಲಾರದು. ನೆಲದುಂಬಿಯ ಮರಿ ನೀಳವಾಗಿ, ಸಾಮಾನ್ಯವಾಗಿ ಕಂದು ಅಥವಾ ಕಪ್ಪಾಗಿ, ಮುಂದೆ ಚೂಪು ದವಡೆ, ಹಿಂದೆ ಎರಡು ಬಾಲದಂಥ ಕವಲುಗಳನ್ನು ಹೊತ್ತು ಚುರುಕಾಗಿ ಓಡುತ್ತದೆ. ಬೆಳೆದ ದುಂಬಿಗಳಲ್ಲೂ ವ್ಯತ್ಯಾಸ ಸ್ಪಷ್ಟ: ಬೇರುಹುಳುವಿನ ದುಂಬಿ ಗುಂಡು ಮೈಯ, ಕಂದುಬಣ್ಣದ ಜಡ ಜೀವಿ, ಮೀಸೆಯ ತುದಿ ಬೀಸಣಿಗೆಯಂತೆ ಬಿಚ್ಚಿಕೊಳ್ಳುತ್ತದೆ. ಬಾಗಿ ಮಲಗಿದ್ದು ಬೇರು ತಿನ್ನುವುದು, ನೆಟ್ಟಗೆ ಓಡಿದ್ದು ಹುಳು ತಿನ್ನುವುದು. ತೋಟದ ಕೆಲಸಕ್ಕೆ ಬರುವವರಿಗೆ ಇಷ್ಟು ಹೇಳಿಕೊಟ್ಟರೆ ಸಾಕು.

ಹಾಗೆಂದು ನೆಲದುಂಬಿ ಬೇರುಹುಳುವಿನ ಪರಿಹಾರ ಎಂದು ಹೇಳುವುದು ಸುಳ್ಳಾಗುತ್ತದೆ. ಮಣ್ಣಿನ ಮೇಲ್ಪದರದಲ್ಲಿ ಸಿಕ್ಕ ಮೊಟ್ಟೆಯನ್ನೋ ಎಳೆಮರಿಯನ್ನೋ ಅದು ತಿಂದೀತು. ಬೇರಿನ ನಡುವೆ ಆಳದಲ್ಲಿ ಕುಳಿತ ಬಲಿತ ಹುಳುವಿನ ತಂಟೆಗೆ ಹೋಗದು. ಅದಕ್ಕೆ ಬೇರೆ ಉಪಾಯಗಳಿವೆ. ಬಸಿಗಾಲುವೆ ಸರಿಯಾಗಿಡುವುದು ಒಂದು. ದುಂಬಿ ಏಳುವ ಸಂಜೆಗಳಲ್ಲಿ ಅಕ್ಕಪಕ್ಕದ ತೋಟದವರೆಲ್ಲ ಒಟ್ಟಾಗಿ ಕೈಯಿಂದ ಹಿಡಿದು ನಾಶಪಡಿಸುವುದು ಇನ್ನೊಂದು; ಒಬ್ಬರೇ ಹಿಡಿದರೆ ಫಲ ಕಡಿಮೆ. ಕಾಸರಗೋಡಿನ ಕೇಂದ್ರೀಯ ತೋಟಗಾರಿಕಾ ಬೆಳೆಗಳ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಕೆಲಸ ಮಾಡಿರುವ, ಕೀಟಗಳನ್ನು ಕೊಲ್ಲುವ ಸೂಕ್ಷ್ಮ ದುಂಡುಹುಳುಗಳು ಮೂರನೆಯದು. ಇವು ಬೇರುಹುಳುವಿನ ಮೈಯೊಳಗೆ ಹೊಕ್ಕು, ತಮ್ಮೊಡನೆ ಒಯ್ದ ಬ್ಯಾಕ್ಟೀರಿಯಾವನ್ನು ಬಿಟ್ಟು ಎರಡು-ಮೂರು ದಿನಗಳಲ್ಲಿ ಕೊಲ್ಲುತ್ತವೆ. ಈ ಮೂರರಲ್ಲಿ ಯಾವುದೂ ನೆಲದುಂಬಿಗೆ ರಾಸಾಯನಿಕದಷ್ಟು ಅಪಾಯ ಮಾಡದು. ನೆಲದುಂಬಿಯ ನಿಜವಾದ ಉಪಕಾರ ಕಾಣುವುದು ಪೀಡೆಯಾಗಿ ಬೆಳೆಯದೇ ಹೋದ ನೂರಾರು ಸಣ್ಣ ಹುಳಗಳಲ್ಲಿ. ಆಗದೇ ಹೋದ ನಷ್ಟವನ್ನು ಯಾರೂ ಲೆಕ್ಕ ಬರೆಯುವುದಿಲ್ಲವಾದ್ದರಿಂದ ಇದರ ಖಾತೆ ಸದಾ ಖಾಲಿಯಾಗಿ ಕಾಣುತ್ತದೆ.

ಇಂಗ್ಲೆಂಡಿನ ರೈತರು ಆ ಖಾತೆಯನ್ನು ತಡವಾಗಿ ತೆರೆದರು. ಯಂತ್ರಕ್ಕೆ ಅನುಕೂಲವಾಗಲೆಂದು ಬೇಲಿಸಾಲು ಕಿತ್ತು ಹೊಲಗಳನ್ನು ಒಂದಾಗಿಸಿದ ಮೇಲೆ ಸಸ್ಯಹೇನುಗಳ ಕಾಟ ಎದುರಾದಾಗ, ಹೊಲದ ನಡುಮಧ್ಯದವರೆಗೆ ನೆಲದುಂಬಿ ತಲುಪುತ್ತಿಲ್ಲವೆಂದು ಅಲ್ಲಿನ ಸಂಶೋಧಕರು ಕಂಡುಕೊಂಡರು. 1980ರ ದಶಕದ ಕೊನೆಯಲ್ಲಿ ಹೊಲದ ನಡುವೆ ಉದ್ದಕ್ಕೆ ಮಣ್ಣಿನ ಏರಿ ಹಾಕಿ, ಗಂಟುಬೇರಿನ ಹುಲ್ಲು ಬೆಳೆಸಿದರು. ಅದಕ್ಕೆ ‘ದುಂಬಿ ಏರಿ’ ಎಂಬರ್ಥದ ಹೆಸರು ಬಂತು. ಎರಡನೆಯ ಚಳಿಗಾಲಕ್ಕೆ ಒಂದು ಚದರ ಮೀಟರಿನಲ್ಲಿ 1,500ರವರೆಗೆ ಪರಭಕ್ಷಕ ಕೀಟ ಮತ್ತು ಜೇಡಗಳು ಎಣಿಕೆಗೆ ಸಿಕ್ಕವು. ಅವರು ಹಣ ಸುರಿದು ಕಟ್ಟಿದ ಆ ಏರಿ ಎಂಬುದು ಹುಲ್ಲು ಹೊದ್ದ ಒಂದು ಗದ್ದೆಯಂಚು ಮಾತ್ರ. ಹೊಸನಗರದ ಒಂದು ಕಣಿವೆಯ ಮಜಲುಮಜಲಾದ ಗದ್ದೆಗಳಲ್ಲಿ ಅಂಥ ಏರಿ ಎಷ್ಟು ಮೈಲಿ ಉದ್ದವಿದೆಯೋ!

ಅಂಚಿಗೂ ಹಿಂದೆ ಇನ್ನೊಂದು ಕೋಟೆಯಿದೆ, ಕಾನು ಮತ್ತು ಸೊಪ್ಪಿನಬೆಟ್ಟ. ಕಾಡಿನ ನೆಲದುಂಬಿಗಳಲ್ಲಿ ಅನೇಕವು ಹಾರುವ ರೆಕ್ಕೆಯನ್ನೇ ಕಳೆದುಕೊಂಡಿವೆ. ಕೆಲವಲ್ಲಿ ಮೇಲ್ಚಿಪ್ಪುಗಳು ಬೆಸೆದುಹೋಗಿವೆ. ಅವು ಎಲ್ಲಿಗೆ ಹೋಗುವುದಿದ್ದರೂ ನಡೆದೇ ಹೋಗಬೇಕು. 1984ರಲ್ಲಿ ಪ್ರಕಟವಾದ ಜರ್ಮನಿಯ ಅಧ್ಯಯನವೊಂದರಲ್ಲಿ ಗುರುತು ಹಾಕಿ ಬಿಟ್ಟ ಕಾಡಿನ ನೆಲದುಂಬಿಗಳು ಡಾಂಬರು ರಸ್ತೆ ದಾಟಿದ್ದು ತೀರ ಅಪರೂಪ. ಒಂದು ಗದ್ದೆಯಲ್ಲಿ ನೆಲದುಂಬಿ ನಾಶವಾದರೆ ಮರಳಿ ಬರುವ ದಾರಿ ಪಕ್ಕದ ದರಗಿನಿಂದಲೇ. ಆ ದರಗನ್ನು ಬೇಸಿಗೆಯಲ್ಲಿ ಮಣ್ಣು ಕಾಣುವಂತೆ ಗುಡಿಸಿ ಒಯ್ದರೆ, ಬೆಂಕಿ ಬಿದ್ದರೆ, ಅಥವಾ ಬೆಟ್ಟವನ್ನೇ ಬೋಳಿಸಿ ಹೊಸ ತೋಟ ಎಬ್ಬಿಸಿದರೆ ಬರುವವರಾರು? ಸೊಪ್ಪಿನಬೆಟ್ಟವನ್ನು ‘ಪಾಳುಬಿದ್ದ ಜಾಗ’ ಎಂದು ನೋಡುವವರು ಸೊಪ್ಪು-ದರಗುಗಳ ಲೆಕ್ಕವನ್ನಾದರೂ ಒಪ್ಪುತ್ತಾರೆ. ಅಲ್ಲಿಂದ ರಾತ್ರಿ ಇಳಿದು ಬರುವ ಬೇಟೆಗಾರರ ಲೆಕ್ಕ ಯಾವ ಕಡತದಲ್ಲೂ ಇಲ್ಲ. ಭತ್ತದ ಗದ್ದೆಗಳೇ ಅಡಿಕೆಯಾಗಿ ಬದಲಾಗುತ್ತಿರುವ ಕಾಲದಲ್ಲಿ ಅಂಚುಗಳೂ ನೆಲಸಮವಾಗುತ್ತಿವೆ ಎಂಬುದನ್ನು ಇದರೊಡನೆ ಸೇರಿಸಿಕೊಳ್ಳಬೇಕು.

ಮಾಡಬಹುದಾದ್ದು ದೊಡ್ಡದೇನೂ ಅಲ್ಲ. ಅಂಚಿನ ಹುಲ್ಲನ್ನು ಬುಡಸಹಿತ ಸುಡದೆ ಕತ್ತಿಯಿಂದಲೋ ಯಂತ್ರದಿಂದಲೋ ಸವರುವುದು, ಅದೂ ಒಂದು ಮಗ್ಗುಲು ಈ ವಾರ, ಮತ್ತೊಂದು ಮಗ್ಗುಲು ಕೆಲವು ವಾರ ಬಿಟ್ಟು. ದರಗು ಗುಡಿಸುವಾಗ ಅಲ್ಲಲ್ಲಿ ತೇಪೆಯಂತೆ ಜಾಗ ಬಿಡುವುದು. ತೋಟದ ಮೂಲೆಯಲ್ಲಿ ಒಂದಿಷ್ಟು ಹಾಳೆ-ಸೋಗೆ ಕೊಳೆಯಲು ಬಿಡುವುದು. ತೀರ ಅಚ್ಚುಕಟ್ಟಾದ ತೋಟ ನೋಡಲು ಚೆಂದ, ನೆಲದುಂಬಿಗೆ ಅದು ಬಯಲು.

ಶಾಲೆ-ಕಾಲೇಜಿನ ವಿದ್ಯಾರ್ಥಿಗಳಿಗೆ ಒಂದು ಕೆಲಸ ಉಳಿದಿದೆ. ಖರ್ಚು ಇಲ್ಲವೆನ್ನುವಷ್ಟು ಕಡಿಮೆ. ನುಣುಪಾದ ಒಂದು ಪ್ಲಾಸ್ಟಿಕ್ ಲೋಟದ ತಳಕ್ಕೆ ನೀರು ಬಸಿಯುವಂತೆ ಸೂಜಿತೂತು ಮಾಡಿ, ಬಾಯಿ ನೆಲದ ಮಟ್ಟಕ್ಕೆ ಸರಿಯಾಗುವಂತೆ ಹೂಳಬೇಕು. ಮೂರು ಕಲ್ಲಿನ ಮೇಲೆ ಹಾಳೆಯ ತುಂಡು ಇಟ್ಟು ಮಳೆಗೆ ಮಾಡು ಮಾಡಬೇಕು. ರಾತ್ರಿ ಓಡಾಡುವ ನೆಲದುಂಬಿ ಅದರಲ್ಲಿ ಬೀಳುತ್ತದೆ, ಹತ್ತಿ ಬರಲಾರದು. ಕಳೆನಾಶಕ ಹೊಡೆದ ಅಂಚಿನಲ್ಲಿ ಐದು ಲೋಟ, ಕತ್ತಿಯಿಂದ ಸವರಿದ ಅಂಚಿನಲ್ಲಿ ಐದು, ತೋಟದ ನಡುವೆ ಐದು, ಸೊಪ್ಪಿನಬೆಟ್ಟದ ತಪ್ಪಲಲ್ಲಿ ಐದು. ಬೆಳಿಗ್ಗೆ ಬೇಗ ಹೋಗಿ ಎಣಿಸಿ, ಬರೆದುಕೊಂಡು, ಹುಳಗಳನ್ನು ಅಲ್ಲೇ ಬಿಟ್ಟುಬಿಡಬೇಕು. ತಡವಾದರೆ ಒಂದನ್ನೊಂದು ತಿಂದು ಲೆಕ್ಕ ತಪ್ಪುತ್ತದೆ. ಮುಂಗಾರಿನಿಂದ ಕೊಯ್ಲಿನವರೆಗೆ ವಾರಕ್ಕೊಂದು ರಾತ್ರಿ ಹೀಗೆ ಇಟ್ಟರೆ, ಆಯಾ ಊರಿನ ನೆಲದುಂಬಿಗಳ ಮೊದಲ ಪಟ್ಟಿ ಆಯಾ ಊರಿನ ಮಕ್ಕಳ ಕೈಬರಹದಲ್ಲೇ ಸಿದ್ಧವಾಗುತ್ತದೆ. ಕೆಲಸ ಮುಗಿದ ದಿನ ಲೋಟಗಳನ್ನು ಕಿತ್ತು ಗುಂಡಿ ಮುಚ್ಚುವುದನ್ನು ಮರೆಯಬಾರದು.